ಕೆಮ್ಮದ ಸೈನಿಕ

ನಾಸಿಕದ ಹೊರವಲಯದಲ್ಲಿ ಒಂದು ಯುದ್ಧಚಿತ್ರದ ಚಿತ್ರೀಕರಣ ನಡೆದಿತ್ತು. ಕಂದಕದಲ್ಲಿ ವಿಷಾನಿಲಕ್ಕೆ ಸಿಕ್ಕಿ ಸಾಯುವ ಸೈನಿಕರ ಪಾತ್ರ, ಆ ಕಂದಕವನ್ನು ತೋಡಿದ್ದ ಬಾಗಲಕೋಟೆಯ ಕೂಲಿಕಾರರಿಗೇ ದೊರೆತಿತ್ತು. ನಿರ್ದೇಶಕರ ಹಿಂದಿಯನ್ನು ಅವರಿಗೆ ಕನ್ನಡದಲ್ಲಿ ತಿಳಿಸುವುದು ನನ್ನ ಕೆಲಸ.

ಯಂತ್ರದಿಂದ ಬಿಟ್ಟ ಹಳದಿ ಹೊಗೆ ಕಂದಕಕ್ಕಿಳಿದು ಅಲ್ಲಿಯೇ ನಿಂತಿತು. ಎಲ್ಲರೂ ಕುತ್ತಿಗೆ ಹಿಡಿದು, ಕೆಮ್ಮಿ, ಸೊಗಸಾಗಿ ಉರುಳಿದರು. ಯಂತ್ರಕ್ಕೆ ತೀರ ಹತ್ತಿರವಿದ್ದ ಮಲ್ಲಪ್ಪನೊಬ್ಬ ಮಾತ್ರ ಗೋಡೆಗೊರಗಿ, ಬಾಯಿ ತೆರೆದು ಸುಮ್ಮನೆ ಕುಳಿತಿದ್ದ.

“ಅವನಿಗೆ ಕೆಮ್ಮಲು ಹೇಳಿ!” ಎಂದು ನಿರ್ದೇಶಕರು ಗದರಿದರು.

“ಮಲ್ಲಪ್ಪಾ, ಕೆಮ್ಮಪ್ಪಾ!” ಎಂದು ನಾನೂ ಕೂಗಿದೆ. ಅವನು ಕದಲಲಿಲ್ಲ. ಇನ್ನಷ್ಟು ಗಟ್ಟಿಯಾಗಿ ಕೂಗಿದೆ.

ಮೇಲೆ ನಿಂತಿದ್ದ ಅವನ ಹೆಂಡತಿ ಕೈಯ ಬುಟ್ಟಿಯನ್ನು ಬಿಸುಟು ನನ್ನತ್ತ ತಿರುಗಿ ಚೀರಿದಳು: “ಅಜ್ಜಾರ, ಅವ್ರು ನಾಟಕ ಮಾಡಾಕತ್ತಿಲ್ರೀ! ತುಟಿ ನೀಲಿ ಆಗ್ಯಾವ, ಜಲ್ದಿ ಎತ್ರೀ!”

ಸತ್ತು ಬಿದ್ದಿದ್ದ ಸೈನಿಕರೆಲ್ಲ ದಡಬಡಿಸಿ ಎದ್ದು ಅವನನ್ನು ಮೇಲಕ್ಕೆತ್ತಿದರು. ಬಯಲಿನ ಗಾಳಿಗೆ ಮಲಗಿಸಿದ ಮೇಲೆ ಅವನ ಎದೆ ಮೆಲ್ಲನೆ ಏರಿಳಿಯತೊಡಗಿತು. ಕಣ್ಣು ತೆರೆದವನೇ ನನ್ನತ್ತ ನೋಡಿ, “ಕೆಮ್ಮು ಕೆಮ್ಮು ಅಂತ ಒದರಿದ್ರಲ್ರೀ, ಕೆಮ್ಮಾಕ ಉಸಿರು ಬ್ಯಾಡೇನ್ರೀ?” ಎಂದ.

ಮುಂದೆ ಬಿಡುಗಡೆಯಾದಾಗ ಆ ಚಿತ್ರವನ್ನು ಸಂಭಾಜಿನಗರದ ಚಿತ್ರಮಂದಿರವೊಂದರಲ್ಲಿ ನೋಡಿದೆ. ಕೆಮ್ಮಿದವರೆಲ್ಲ ಪರದೆಯ ಮೇಲಿದ್ದರು, ಮಲ್ಲಪ್ಪನಿರಲಿಲ್ಲ. ನಿರ್ದೇಶಕರಿಗೆ ಅವನ ಸಾವು ನೈಜವೆನಿಸಿರಲಿಲ್ಲವಂತೆ.