ಯಹೂದಿ ಕೇರಿಯಲ್ಲಿ ಇಳಕಲ್ಲಿನ ಕೊಂಡಿ

ಗಂಗವ್ವನ ಬಳೆಗಳು ಗಾಜಿಗೆ ತಗುಲಿ ಖಣ್ ಎಂದ ಸದ್ದು ಊರಿಗೆ ಮರಳುವ ಈ ರೈಲಿನ ಗದ್ದಲದಲ್ಲೂ ಇನ್ನೂ ಕೇಳಿಸುತ್ತಿದೆ. "ಮ್ಯಾಡಮ್, ಡೋಂಟ್ ಟಚ್!" ಎಂದು ಗೈಡ್ ಹುಡುಗಿ ಕೂಗಿದ್ದಳು.

ಇಳಕಲ್ಲಿನ ನಾವು ಎಂಟು ಹೆಂಗಸರು ಅವಳ ಹಿಂದೆ ಕೊಚ್ಚಿಯ ಹಳೆಯ ಯಹೂದಿ ಕೇರಿಯನ್ನು ನಡೆದು ನೋಡುತ್ತಿದ್ದೆವು. ಒಂದು ಪುಟ್ಟ ಮ್ಯೂಸಿಯಂನಲ್ಲಿ, ಗಾಜಿನೊಳಗೆ, ಪ್ರಾರ್ಥನಾ ಮಂದಿರದ ಪರದೆ. ಯಾರೋ ಯಹೂದಿ ಹೆಂಗಸು ತನ್ನ ಸೀರೆಯನ್ನೇ ಅದಕ್ಕೆ ಕೊಟ್ಟಿದ್ದಳಂತೆ. "ಬನಾರಸ್ ಸಿಲ್ಕ್, ಎರಡು ಬಟ್ಟೆ ಸೇರಿಸಿ ಹೊಲಿದದ್ದು" ಎಂದು ಗೈಡ್ ಇಂಗ್ಲಿಷಿನಲ್ಲಿ ಹೇಳಿದ್ದನ್ನು ನಾನು ಗಂಗವ್ವನಿಗೆ ತಿಳಿಸಿದೆ.

ನಲವತ್ತು ವರ್ಷ ಮಗ್ಗದಲ್ಲಿ ಕೂತವಳು ಗಾಜಿಗೆ ಕೈಯಿಟ್ಟು ತೋರಿಸುತ್ತ ನಕ್ಕೇಬಿಟ್ಟಳು. "ಎಲ್ಲಿ ಹೊಲಿಗಿ, ಅಕ್ಕಾರ? ಸೂಜಿ ಗುರುತು ತೋರ್ಸಂತ ಆಕೀನ ಕೇಳ್ರಿ. ಇದು ನಮ್ಮ ಕೊಂಡಿ!"

ಸೆರಗಿನ ಎಳೆಗಳನ್ನು ಒಡಲಿನ ಎಳೆಗಳಿಗೆ ಒಂದೊಂದಾಗಿ ಸಿಕ್ಕಿಸಿ ಕೂಡಿಸುವ ಕೊಂಡಿ ಇಳಕಲ್ ಸೀರೆಗೇ ಮೀಸಲಾದ ನಮ್ಮೂರ ಕೈಕೆಲಸ. ಆದರೂ ನಾನು, "ಸುಮ್ನಿರವಾ, ಆಕಿ ಕಲ್ತಾಕಿ" ಎಂದೆ.

"ನಾನೂ ಕಲ್ತಾಕೀನ. ಇಂಗ್ಲಿಷ್ ನೀವು ಹೇಳ್ರಿ, ಸೀರಿ ನಾ ಹೇಳ್ತೇನಿ."

ನಾಚಿಕೆಯಾಯಿತು. ಕಾನ್ವೆಂಟಿನ ಸಿಸ್ಟರುಗಳು ಕಲಿಸಿದ ಇಂಗ್ಲಿಷನ್ನೆಲ್ಲ ಕೂಡಿಸಿಕೊಂಡು, "ಎಕ್ಸ್‌ಕ್ಯೂಸ್ ಮಿ, ಯು ಆರ್ ಮಿಸ್ಟೇಕನ್" ಎಂದು ಶುರು ಮಾಡಿದೆ. ಹುಡುಗಿ ಗಾಜಿನ ಹಿಂಬದಿಗೆ ಹೋಗಿ, ಮೊಬೈಲ್ ಟಾರ್ಚ್ ಹಿಡಿದು ಬಹಳ ಹೊತ್ತು ಬಗ್ಗಿ ನೋಡಿದಳು. ಒಂದು ಹೊಲಿಗೆಯೂ ಇರಲಿಲ್ಲ.

"ಮೈ ಗಾಡ್, ಶೀ ಈಸ್ ರೈಟ್!"

ಎಂಟು ಜನ ಹೆಂಗಸರ ಚಪ್ಪಾಳೆಗೆ ಕಾವಲುಗಾರ ಓಡಿಬಂದ. ನನ್ನ ಕಣ್ಣು ಒದ್ದೆಯಾಗಿತ್ತು.

ಆ ಹುಡುಗಿಯನ್ನು ನಾನು ಕೊನೆಯ ಸಲ ನೋಡಿದ್ದು ಬಾಗಿಲ ಮೆಟ್ಟಿಲ ಮೇಲೆ. ಗಂಗವ್ವ ತನ್ನ ಸೆರಗಿನ ಅಂಚಿನಿಂದ ಕಿತ್ತುಕೊಟ್ಟ ಎರಡು ಎಳೆ ಹಿಡಿದು, ಮುಂದಿನ ಗುಂಪನ್ನು ಬಿಸಿಲಲ್ಲಿ ನಿಲ್ಲಿಸಿ, ಕೊಂಡಿ ಹಾಕಲು ಹೆಣಗುತ್ತಿದ್ದಳು.