ತ್ರಿವೇಣಿಯ ಓಲೆ, ಚಲಪತಿಯ ಜೀವನಾಂಶ

ಬಂಗಾರಪೇಟೆಯ ತ್ರಿವೇಣಿಗೆ ಗಂಡ ಚಲಪತಿ ತಿಂಗಳು ತಿಂಗಳು ಜೀವನಾಂಶ ಕೊಡಬೇಕೆಂದು ಕೋರ್ಟು ಹೇಳಿ ವರ್ಷವಾದರೂ ಆ ಮಹಾರಾಯನಿಂದ ಬಿಡಿಗಾಸು ಬಂದಿರಲಿಲ್ಲ. ಕೊನೆಗೆ ವಾರಂಟು ಹೊರಟು, ಪೊಲೀಸರು ಅವನನ್ನು ಹಿಡಿದರು. ಮರುದಿನ ಬೆಳಿಗ್ಗೆ ಅತ್ತೆ ಪೆದ್ದಮ್ಮ ಬೂದಿಕೋಟೆಯಿಂದ ಮೊದಲ ಬಸ್ಸಿಗೇ ಬಂದು ಬಾಗಿಲಲ್ಲಿ ಕುಳಿತಳು.

"ಅರ್ಧ ದುಡ್ಡಾದ್ರೂ ಕಟ್ಟದಿದ್ರೆ ಜೈಲಿಗೆ ಆಕ್ತಾರಂತೆ ಕಣಮ್ಮಾ. ನಿನ್ನ ಓಲೆ ಕೊಡು, ಅಡ ಇಟ್ಟು ಕಟ್ತೀನಿ."

ತ್ರಿವೇಣಿ ಬಾಯಿಗೆ ಬಂದಂತೆ ಬೈದಳು, ಅತ್ತಳು, ಆಮೇಲೆ ಓಲೆ ಬಿಚ್ಚಿ ಕೊಟ್ಟಳು.

ಮಧ್ಯಾಹ್ನ ಕೋರ್ಟಿನಲ್ಲಿ ಚಲಪತಿ ಆ ಹಣವನ್ನು ಅವಳ ಕೈಗೆ ಎಣಿಸಿಕೊಟ್ಟು, ಊರಿಗೇ ಊಟ ಹಾಕಿಸಿದವನಂತೆ ಎದೆಯುಬ್ಬಿಸಿ ನಿಂತ.

"ಗಂಡನಿಂದ ಹಣ ಬಂತೇನಮ್ಮಾ?" ನ್ಯಾಯಾಧೀಶರು ಕೇಳಿದರು.

ತ್ರಿವೇಣಿ ನೋಟುಗಳನ್ನು ನೋಡಿದಳು, ಬರಿದಾದ ಕಿವಿಯನ್ನು ಮುಟ್ಟಿಕೊಂಡಳು.

"ಬಂತಾ, ಸ್ವಾಮಿ?" ಎಂದು ಅವರನ್ನೇ ಕೇಳಿದಳು.