ಚಮಚಾದ ಮ್ಯಾಲಿನ ಎರಡ ಅಕ್ಷರ

ಮೊನ್ನೆ ಮುಂಜಾನಿ ನಮ್ಮಾಕಿ ಒಲಿ ಮ್ಯಾಲೆ ಕಾಫಿ ಇಟ್ಟು ಟೀವಿ ಮುಂದ ಕುಂತುಬಿಟ್ಲು. ಹಾಲಿಲ್ಲದ ಕರೇ ಕಾಫಿ. ಡಾಕ್ಟರು ನನಗ ಹಾಲೂ ಬಂದ್ ಮಾಡ್ಯಾರ, ಸಕ್ರಿನೂ ಬಂದ್ ಮಾಡ್ಯಾರ. ಅದು ಕುದ್ದು ಕುದ್ದು ತಳಾ ಹತ್ತಿ ಮನಿ ತುಂಬ ಹೊತ್ತಿದ ವಾಸನಿ. "ಅಯ್ಯ, ಹೊತ್ತೇ ಹೋತಲ್ರಿ, ನೀವರ ನೋಡಬಾರದ?" ಅಂತ ಆಕಿ ಓಡಿದ್ಲು. ನಾ ಮಾತ್ರ ಕಣ್ಣು ಮುಚ್ಚಿ, ಮೂಗು ಅರಳಿಸಿ ಹಂಗಽ ಕುಂತೆ. ಆ ವಾಸನಿ ನಮ್ಮ ಪಂಖಾದ ಸಾಹೇಬಂದು...

ಗಜೇಂದ್ರಗಡದ ಗುಡ್ಡದ ಮ್ಯಾಲೆ ಗಾಳಿಯಂತ್ರ ನಿಲ್ಲಸೂ ಕಾಲ ಅದು, ನಮ್ಮ ಮಂದಿ ಅವಕ್ಕ ಪಂಖಾ ಅನ್ನೋರು. ಎರಡು ಸಾವಿರದ ಇಸವಿ ದಾಟಿ ನಾಲ್ಕೈದು ವರ್ಷ ಆಗಿರಬೇಕು. ಯಂತ್ರ ತಪಾಸ ಮಾಡಾಕ ಅಂತ ಜರ್ಮನಿಯಿಂದ ಒಬ್ಬ ಮುದುಕ ಬಂದಿದ್ದ. ಲಾಜಿನ ಗದ್ದಲಾ ತಾಳಲಾರದ ನಮ್ಮ ಮ್ಯಾಲಿನ ಖೋಲಿಗೆ ಬಾಡಗಿ ಬಂದ. ನನಗಿಂತ ಐದಾರು ವರ್ಷ ದೊಡ್ಡಾಂವ, ಎತ್ತರಾ ಅಂದ್ರ ಎತ್ತರ. ನಮ್ಮ ಬಾಗಲಾ ದಾಟೂಮುಂದ ದಿನಾ ಹಣಿ ಬಡಿಸಿಕೊಳ್ಳಾಂವ. ನಾ ಚೌಕಟ್ಟಿಗೆ ಒಂದು ಹಳೇ ಎತ್ತಿನ ಗಂಟಿ ಕಟ್ಟಿಬಿಟ್ಟೆ. ಅವತ್ತಿನಿಂದ ಅಂವ ಒಳಗ ಬಂದ್ರ ಗಂಟಿ, ಹೊರಗ ಹೋದ್ರ ಗಂಟಿ. ಓಣ್ಯಾಗಿನ ಮಂದಿ, "ಏನ್ರಿ, ಮನ್ಯಾಗ ಮೂರ ಹೊತ್ತು ಪೂಜಿ ನಡಸೀರೇನು?" ಅಂತ ಕೇಳೋರು. ಶಿರೋಳದ ರೈತ ಒಬ್ಬ ನನ್ನ ಅಂಗಡಿಗೆ ಕೊಡಾ ಕೊಳ್ಳಾಕ ಬಂದಾಗ, ಆ ಪಂಖಾದ ಸ್ವಿಚ್ಚು ನಮ್ಮ ಅಟ್ಟದ ಮ್ಯಾಲೈತಿ ಅಂದೆ. ಪಾಪ, ಅಂವ ಕೈ ಮುಗದು, "ಒಂದೀಟು ನಮ್ಮೂರ ಕಡೆ ತಿರಿವ್ರಿ ಯಜಮಾನ್ರ, ಭಾಳ ಧಗಿ" ಅಂದ. ತಿರಿವಿದೆ ಅಂದೆ. ಆತು ಅಂತ ಖುಷಿಲೆ ಹೋದ.

ನಂದು ಭಾಂಡಿ-ಪಾತ್ರೆ ಅಂಗಡಿ. ಅದರಕಿಂತ ನನ್ನ ಕೈ ಅಕ್ಷರ ಅಂದ್ರ ಊರಿಗೆ ಗೊತ್ತು. ನಮ್ಮ ಕಡೆ ಯಾವ ಭಾಂಡಿ ಕೊಂಡ್ರೂ ಹೆಸರ ಹಾಕಸದ ಮನಿಗೆ ಒಯ್ಯೂದಿಲ್ಲ. ಗಡದಾಗ ಯಾರ ಮನಿ ಡಬರಿ ಬೇಕಾದ್ರೂ ಮಗಚಿ ನೋಡ್ರಿ, ತಳದಾಗ ನಾ ಬರದದ್ದು. ರೋಣದಿಂದ, ನರಗುಂದದಿಂದ ಮಂದಿ ಬಸ್ಸು ಹತ್ತಿ ಬರೋರು, ಸುಳ್ಳಲ್ಲ. ಒಬ್ಬ ದೋಸ್ತನ ಚರಿಗಿ ಮ್ಯಾಲೆ "ಇದನ್ನ ಕದ್ದಾಂವ ನನ್ನ ಅಳಿಯ" ಅಂತ ಕೊರದು ಕೊಟ್ಟಿದ್ದೆ. ಮುಂದ ಆ ಚರಿಗಿ ಕಳವಾತು. ವರ್ಷದ ಮ್ಯಾಲೆ ಸಿಕ್ಕಿದ್ದು ಖರೇನಽ ಅವನ ಅಳಿಯನ ಮನ್ಯಾಗ! ಆ ಜಗಳದಾಗ ನಾ ಇದ್ದಿಲ್ಲ ಬಿಡ್ರಿ.

ಸಾಹೇಬ ಬಂದ ಮೊದಲನೇ ದಿನಾನಽ ನಾ ಒಂದು ಚೇಷ್ಟಿ ಮಾಡಿದ್ದೆ. ಜರ್ಮನಿ ಅಂದ್ರ ನಮಗೇನ ಗೊತ್ತು? ಗಟ್ಟಿ ಮಶೀನು, ಮತ್ತ ಆ ಮೂಗಿನ ಕೆಳಗ ಬಟನ್ನಿನಷ್ಟು ಮೀಸಿ ಬಿಟ್ಟಿದ್ದ ಸರ್ವಾಧಿಕಾರಿ. ನಾ ಬಾಚಣಗಿ ತುದಿ ಮೂಗಿನ ಕೆಳಗ ಹಿಡಕೊಂಡು, ಬಲಗೈ ಮುಂದ ಚಾಚಿ, ಅಟೆನ್ಷನ್ ನಿಂತು ಸ್ವಾಗತ ಮಾಡಿದೆ. ಓಣಿ ಮಂದೆಲ್ಲ ಬಿದ್ದು ಬಿದ್ದು ನಕ್ರು. ಸಾಹೇಬ ಮಾತ್ರ ನಗಲಿಲ್ಲ. ಸಾವಕಾಶ ನನ್ನ ಕೈಯಾಗಿನ ಬಾಚಣಗಿ ತಗೊಂಡು ನನ್ನ ಕಿಸೇದಾಗಽ ಇಟ್ಟ. ನಮ್ಮ ಸೊಸಿ ಹೈಸ್ಕೂಲಿನ್ಯಾಗ ಇಂಗ್ಲಿಷ್ ಕಲಸ್ತಾಳ, ಆಕಿಗೆ ಏನೋ ಅಂದ. "ಮಾವಾರ, ಇದೊಂದು ತಮ್ಮ ಮುಂದ ಬ್ಯಾಡ ಅಂತಾರ, ಬಾಕಿ ಏನ್ ಬೇಕಾದ್ರೂ ಮಾಡ್ರಿ ಅಂತ" ಅಂದ್ಲು. ಬಾಕಿ ಏನ್ ಬೇಕಾದ್ರೂ ಅಂದ ಮ್ಯಾಲೆ ನಾ ಬಿಡ್ತೇನು?

ಅಂವ ಕರೇ ಕಾಫಿ ಕುಡಿಯಾಂವ, ತಾನಽ ಒಲಿ ಮ್ಯಾಲೆ ಕುದಿಸಿ ಕುದಿಸಿ ಹೊತ್ತಸಾಂವ. ಹಾಲಿಲ್ಲ, ಸಕ್ರಿ ಇಲ್ಲ. ಆದ್ರೂ ಅಂಗಿ ಕಿಸೇದಾಗಿಂದ ಒಂದು ಸಣ್ಣ ಬೆಳ್ಳಿ ಚಮಚಾ ತಗದು ಐದೈದು ನಿಮಿಷ ತಿರುವಾಂವ. "ಏನ್ ತಿರವ್ತೀಯೋ ಮಾರಾಯಾ, ಒಳಗ ಏನೂ ಇಲ್ಲ" ಅಂತ ನಾ ಕಾಡಾಂವ. ಚಮಚಾದ ಹಿಡಕೀ ಮ್ಯಾಲೆ ಎರಡ ಅಕ್ಷರ ಒಂದಕ್ಕೊಂದು ಬಳ್ಳಿ ಹಂಗ ಸುತ್ತಿದ್ವು. ಓದಾಕ ಬರಲಿಲ್ಲ, ಆದ್ರ ಕಸಬಿನ ಕಣ್ಣು ನೋಡ್ರಿ, ಕೆಲಸ ಮೆಚ್ಚಿದೆ. ಸೊಸಿನ್ನ ಕೇಳಿದೆ. "ಅವರ ಹೆಸರಿನ ಅಕ್ಷರ ಅಲ್ರಿ ಮಾವಾರ ಇವು" ಅಂದ್ಲು.

ನಮ್ಮ ಭಾಂಡಿ ಮ್ಯಾಲಿನ ಹೆಸರಂದ್ರ ಅಂವಗ ಹುಚ್ಚು. ಅಡಗಿಮನ್ಯಾಗ ಕುಂತು ಒಂದೊಂದ ತಾಟು ಮಗಚಿ ಸೊಸಿ ಕಡೆಯಿಂದ ಓದಸಾಂವ. ನಮ್ಮ ಮನ್ಯಾಗ ಮಂದಿ ಹೆಸರಿನ ಭಾಂಡೀನಽ ಏಳೆಂಟು ಸಿಕ್ವು. ಹಬ್ಬಕ್ಕ ಹೋಳಿಗಿ ತುಂಬಿಕೊಂಡು ಬಂದಾವು, ತಿರುಗಿ ಹೋಗಿಲ್ಲ. ಅಂವ ಗಾಬರಿ ಆದ. "ಇವು ನಿಮ್ಮವಲ್ಲ. ಅವರಿಗೆ ಕೊಡ್ತೀರಿ ಹೌದಿಲ್ಲೋ?" ಅಂತ ಕೇಳಿದ. ನಮ್ಮಾಕಿ ನಕ್ಕೋತ, "ಕೊಡಲಾರದ ಏನ್ರಿ ಸಾಹೇಬ್ರ, ಹೆಸರಽ ಐತೆಲ್ಲ. ಖಾಲಿ ಹ್ಯಾಂಗ ಕೊಡೂದಂತ ಇಟ್ಕೊಂಡೀನಿ. ನಾಳೆ ಏನರ ಮಾಡಿದಾಗ ಹಾಕಿ ಕೊಟ್ಟ ಬರ್ತೀನಿ" ಅಂದ್ಲು. ಅಂವ ಆ ತಾಟು ಭಾಳ ಹೊತ್ತು ತೊಡಿ ಮ್ಯಾಲೆ ಇಟ್ಕೊಂಡು ಕುಂತ...

ಒಂದಿನ ಸೊಸಿ, ಸಾಹೇಬಂದು ಹುಟ್ಟಿದ ದಿನಾ ಬಂತ್ರಿ ಅಂದ್ಲು. ನನ್ನ ತಲ್ಯಾಗ ದೀಪಾ ಹತ್ತಿತು. ಅಣ್ಣತಮ್ಮರು ಬ್ಯಾರೆ ಆದ್ರ, ಇಲ್ಲಾ ಹಳೇ ಭಾಂಡಿ ಕೊಂಡ್ರ, ಮಂದಿ ನನ್ನ ಹಂತ್ಯಾಕ ತರ್ತಾರ. ಹಳೇ ಹೆಸರ ಚಕ್ರಕ್ಕ ಹಿಡದು ತಿಕ್ಕಿ ತಗದು ಹೊಸಾ ಹೆಸರ ಹಾಕಿ ಕೊಡೂದು ನನ್ನ ದಿನದ ಕೆಲಸ. ಇಂವನ ಚಮಚಾದ ಮ್ಯಾಲೆ ಯಾರದೋ ಹೆಸರ ಐತಿ. ತಗದು, ಕನ್ನಡದಾಗ ಇಂವನ ಹೆಸರ ಕೊರದು, ಸಂಜಿಗೆ ಕಾಫಿ ಜೋಡಿ ಇಟ್ರ ಹ್ಯಾಂಗ ಕುಣೀತಾನ! ಹುಟ್ಟಿದ ದಿನದ ಮುಂಜಾನಿ ಅಂವ ಜಳಕಕ್ಕ ಹೋದಾಗ ಮೊಳಿಗೆ ಹಾಕಿದ್ದ ಅಂಗಿ ಕಿಸೇದಾಗಿಂದ ಚಮಚಾ ಹಾರಿಸಿದೆ. ಅಂವ ಗುಡ್ಡಕ್ಕ ಹೋದ, ನಾ ಅಂಗಡಿಗೆ ಹೋದೆ.

ಗಿರಾಕಿ ಎಲ್ಲಾ ಸಾಗಹಾಕಿ ಹನ್ನೊಂದಕ್ಕ ಚಕ್ರಾ ಸುರು ಮಾಡಿದೆ. ಎರಡನೇ ಅಕ್ಷರದ ಬಾಲಾ ಚಕ್ರಕ್ಕ ಮುಟ್ಟಸಿದ್ದೆ ಅಷ್ಟಽ. ಬಜಾರದಾಗ ಗದ್ಲಾ ಕೇಳಿಸ್ತು. ತಲಿ ಎತ್ತಿ ನೋಡ್ತೀನಿ, ಸಾಹೇಬ ಬರಿತಲೀಲೆ ಓಡಿ ಬರಾಕ ಹತ್ಯಾನ. ಹಿಂದ ಸಾಲಿ ಬಿಟ್ಟು ನಮ್ಮ ಸೊಸಿ. ಗುಡ್ಡದ ಮ್ಯಾಲೆ ಕಾಫಿ ಹೊತ್ತಿಗೆ ಕಿಸೇಕ್ಕ ಕೈ ಹಾಕಿ, ಚಮಚಾ ಇಲ್ಲದ್ದು ನೋಡಿ, ಜೀಪು ತಿರುವಿ ನೆಟ್ಟಗ ಆಕಿ ಸಾಲಿಗೆ ಬಂದಿದ್ದ. ಇದು ನಂದಽ ಕೆಲಸ ಅಂತ ಸೊಸಿ ಗುರ್ತು ಹಿಡದಿದ್ಲು. ಪಂಖಾ ಮುರದು ಬಿತ್ತು ಅಂತ ತಿಳಕೊಂಡು ಅರ್ಧ ಬಜಾರ ಅವರ ಬೆನ್ನಹಿಂದ.

"ಮಾವಾರ, ಬಂದ್ ಮಾಡ್ರಿ ಅದನ್ನ!" ಅಂತ ಸೊಸಿ ಒದರಿದ್ಲು. ಮದವಿ ಆಗಿ ಬಂದಾಗಿಂದ ನನಗ ಆಕಿ ಒದರಿದ್ದು ಅದಽ ಮೊದಲು.

ಸಾಹೇಬ ನನ್ನ ಕೈಯಾಗಿಂದ ಚಮಚಾ ತಗೊಂಡ. ಬೋರಲಾಗಿಟ್ಟಿದ್ದ ಹಂಡೇದ ಮ್ಯಾಲೆ ಕುಂತ. ಹೆಬ್ಬಟ್ಟಿಲೆ ಆ ಜಾಗಾ ಮುಟ್ಟಿ ಮುಟ್ಟಿ ನೋಡಿದ. ಬಾಲಾ ಹೋಗಿತ್ತು, ಬಾಕಿ ಉಳದಿತ್ತು. ಬೈದಿದ್ರ ನನಗ ಹಗುರ ಆಗ್ತಿತ್ತು. ಅಂವ ಬೈಲಿಲ್ಲ, ಮಾತಾಡಾಕ ಸುರು ಮಾಡಿದ. ಸೊಸಿ ಕನ್ನಡದಾಗ ಹೇಳ್ಕೋತ ಹೋದ್ಲು.

ಅಂವ ನಾಲ್ಕೈದು ವರ್ಷದಾಂವ ಇದ್ದಾಗ ಬಾಜೂ ಮನ್ಯಾಗ ಒಂದು ಯಹೂದಿ ಕುಟುಂಬ ಇತ್ತಂತ. ಗುಂಡಿ, ದಾರ ಮಾರೋರು. ಆ ಮನಿ ಹೆಣಮಗಳು ಇದಽ ಚಮಚಾದಿಂದ ಇವನ ಬಾಯಾಗ ಹಣ್ಣಿನ ಮುರಬ್ಬಾ ಹಾಕತಿದ್ಲಂತ. ಆ ಬಟನ್ ಮೀಸ್ಯಾವನ ರಾಜ್ಯದಾಗ ಯಹೂದಿ ಮಂದಿನ್ನ ಮೊದಲು ಅಂಗಡಿ ಬಿಡಿಸಿದ್ರು, ಸಾಲಿ ಬಿಡಿಸಿದ್ರು, ಕಡೀಕ ರೈಲಿನ್ಯಾಗ ತುಂಬಿ ಒಯ್ದು ಕೊಂದ್ರು. ಇವರ ಬಾಜೂದವರನ್ನೂ ಒಂದಿನ ಕೈಯಾಗ ಒಂದೊಂದು ಪೆಟ್ಟಿಗಿ ಹಿಡಿಸಿ ಒಯ್ದ್ರು. ಸ್ವಲ್ಪ ದಿನಕ್ಕ ಅವರ ಸಾಮಾನೆಲ್ಲ ಅಂಗಳದಾಗ ಇಟ್ಟು ಸರಕಾರದವರು ಲಿಲಾವು ಕೂಗಿದ್ರು. ಇಡೀ ಓಣಿ ಪಾಳಿ ಹಚ್ಚಿತ್ತು. ಯಾರೋ ಕುರ್ಚಿ ಒಯ್ದ್ರು, ಯಾರೋ ಹಾಸಗಿ. ಇವನ ಅವ್ವ ಆರು ಚಮಚಾ ತಂದ್ಲು.

"ನಮ್ಮವ್ವ ರಾಕ್ಷಸಿ ಆಗಿದ್ದಿಲ್ಲ," ಅಂದ. "ನಾ ತಗೊಳ್ಳದಿದ್ರ ಮತ್ತೊಬ್ಬರು ಒಯ್ತಿದ್ರು ಅಂತಿದ್ಲು. ಅವರು ಎಲ್ಲೋ ದೂರ ಕೆಲಸಕ್ಕ ಹೋಗ್ಯಾರ ಅಂತಿದ್ಲು. ಆದ್ರ ಅವರು ತಿರುಗಿ ಬರ್ತಾರ ಅಂತ ಆಕಿ ಒಂದಿನಾನೂ ಅನಲಿಲ್ಲ."

ಅವ್ವ ಆ ಅಕ್ಷರ ತಿಕ್ಕಿಸಾಕ ಅಕ್ಕಸಾಲಿಗನ ಹಂತ್ಯಾಕ ಒಯ್ದಿದ್ಲಂತ, ಇಂವನ ಕೈ ಹಿಡಕೊಂಡು. ಅಲ್ಲಿ ಮೇಜಿನ ಮ್ಯಾಲೆ ಚಮಚಾದ ರಾಶಿನಽ ಬಿದ್ದಿತ್ತು, ಎಲ್ಲಾ ಮಂದಿ ಅಕ್ಷರದ್ದು. "ನೀನೂ ಏನಮ್ಮಾ? ಮುಂದಿನ ತಿಂಗಳ ಬಾ, ಈಗ ಪುರಸತ್ತಿಲ್ಲ" ಅಂದನಂತ ಅಂವ. ಅವ್ವ ಮತ್ತ ಹೋಗಲಿಲ್ಲ, ಹಂಗಽ ಉಳದ್ವು. ದೊಡ್ಡಾಂವ ಆದ ಮ್ಯಾಲೆ ಊಟಕ್ಕ ಕುಂತಾಗ ಒಮ್ಮೆ, "ಇವು ಯಾರ ಅಕ್ಷರ?" ಅಂತ ಕೇಳಿದ. ಅಪ್ಪ ಮೇಜಿನ ಮ್ಯಾಲೆ ಅಂಗೈ ಊರಿ, "ಸುಮ್ಮನ ಉಣ್ಣು" ಅಂದ. ಆಮ್ಯಾಲೆ ಆ ಮನ್ಯಾಗ ಯಾರೂ ಕೇಳಲಿಲ್ಲ, ಯಾರೂ ಹೇಳಲಿಲ್ಲ. ತಂದಿತಾಯಿ ಹೋದ ಮ್ಯಾಲೆ ಇಂವ ಊರೂರು ಕಚೇರಿಗೆ ಪತ್ರ ಬರದು ಹುಡಿಕ್ಯಾನ. ಆ ಕುಟುಂಬದಾಗ ಒಂದು ಜೀವಾನೂ ಸಿಕ್ಕಿಲ್ಲ. ಕೊಡಾಕ ಒಂದು ಮನಿ ಇಲ್ಲ. ಉಳದಿದ್ದು ಈ ಎರಡ ಅಕ್ಷರ.

ಪುರಸತ್ತಿಲ್ಲ ಅಂದ ಆ ಅಕ್ಕಸಾಲಿಗ... ನನಗ ನೋಡ್ರಿ, ಅವತ್ತು ಭಾಳ ಪುರಸತ್ತಿತ್ತು.

ಕಡೀಕ ನಾ ಸೊಸಿಗೆ, "ಕೇಳವ್ವ, ಆ ಬಾಲಾ ಹ್ಯಾಂಗಿತ್ತಂತ ಅವರಿಗೆ ನೆನಪೈತೇನು?" ಅಂದೆ. ಸಾಹೇಬ ನನ್ನ ಪೆನ್ಸಿಲ್ ಇಸಗೊಂಡು, ಪುಡಿಕಿ ಕಟ್ಟೂ ಕಾಗದದ ಮ್ಯಾಲೆ ಒಂದಽ ಏಟಿಗೆ ಬರದ. ಅರವತ್ತು ವರ್ಷ ಹೆಬ್ಬಟ್ಟು ಆಡಿಸಿದ್ದಲ್ಲ, ಕೈಗೇ ಪಾಠ ಆಗಿತ್ತು. ಮಶೀನು ಬದಿಗಿಟ್ಟೆ. ನಮ್ಮಪ್ಪನ ಸಣ್ಣ ಚಾಣಾ ತಗದೆ. ಒಂದು ಗೀರಿಗೆ ಒಂದು ತಾಸು ತಗೊಂಡೆ. ಆ ಹೊತ್ತಿನ್ಯಾಗ ಊರ ಎಲ್ಲಾ ಭಾಂಡಿಗೆ ಹೆಸರ ಹಾಕಬಹುದಿತ್ತು. ಅಂವ ನೋಡಿದ, ಬೆಳಕಿಗೆ ಹಿಡದು ನೋಡಿದ. ಆಮ್ಯಾಲೆ ತುಟಿ ಒಂದಽ ಕಡೆ ಏರಿತು.

"ಅವರ ಬಾಲಾ ಸಣ್ಣದಿತ್ತು. ಇದು ಗಜೇಂದ್ರಗಡದ ಮಂಗ್ಯಾನ ಬಾಲಾ," ಅಂದ.

ಸೊಸಿ ಇದನ್ನ ಕನ್ನಡದಾಗ ಹೇಳೋ ಮೊದಲಽ ನಕ್ಕುಬಿಟ್ಲು. ನಾನೂ ನಕ್ಕೆ, ಕಣ್ಣು ಒರಸಿಕೋತ. ಅವತ್ತ ಸಂಜಿಗೆ ನಮ್ಮಾಕಿ ಹುಗ್ಗಿ ಮಾಡಿದ್ಲು. ಅಂವ ಅದಽ ಚಮಚಾದಿಂದ ಮೂರು ಬಟ್ಟಲ ಉಂಡ. ಅವ್ವನ ಕಾಲದಿಂದ ಅದರಿಂದ ಏನೂ ಉಂಡಿದ್ದಿಲ್ಲಂತ, ಬರೇ ತಿರುವತಿದ್ನಂತ.

ಮಳಿಗಾಲ ಮುಗಿಯೂದರಾಗ ಅವನ ಕೆಲಸ ಮುಗೀತು. ಹೋಗೂಮುಂದ ನನ್ನ ತಬ್ಬಿಕೊಂಡು ಬೆನ್ನು ಗುದ್ದಿ ಹೋದ. ಎರಡು ದಿನಾ ಬೆನ್ನು ನೋವಾತು. ವರ್ಷಕ್ಕೊಂದು ಕಾರ್ಡು ಬರ್ತಿತ್ತು. ಆಮ್ಯಾಲೆ ಅದೂ ನಿಂತುಹೋತು...

ಮೊನ್ನೆ ಕಾಫಿ ಹೊತ್ತಿದ ವಾಸನಿಗೆ ಇದೆಲ್ಲಾ ನೆನಪಾತು ಅಂತ ಸೊಸಿಗೆ ಹೇಳಿದೆ. ಆಕಿ ನನ್ನ ಬಾಜೂಕ ಬಂದು ಕುಂತ್ಲು. "ಮಾವಾರ, ಹೋದ ವಾರಾನಽ ಅವರ ಮಗಳು ಬರದಾಳ. ನಿಮಗ ಹ್ಯಾಂಗ ಹೇಳೂದಂತ ತಡದಿದ್ದೆ" ಅಂದ್ಲು. ಸಾಹೇಬ ಚಳಿಗಾಲದಾಗ ತೀರಿಕೊಂಡಾನ. ಆರೂ ಚಮಚಾ ಮಗಳ ಹಂತ್ಯಾಕ ಅದಾವ. ಐದರ ಮ್ಯಾಲೆ ಅಕ್ಷರ ಒಂದಽ ನಮೂನಿ, ಒಂದರ ಮ್ಯಾಲೆ ಮಾತ್ರ ಬಾಲಾ ಬ್ಯಾರೆ. ಅಪ್ಪ ಏನೂ ಹೇಳಿಲ್ಲ, ನಿಮ್ಮೂರಾಗ ಇದ್ದಾಗ ಏನರ ಆಗಿತ್ತೇನು ಅಂತ ಕೇಳ್ಯಾಳ. ನನ್ನ ಮಾನ ಉಳಿಸಾಕ ಅಂವ ಮಗಳ ಮುಂದೂ ಬಾಯಿ ಬಿಟ್ಟಿಲ್ಲ ನೋಡ್ರಿ.

"ಸವದು ಹೋಗಿತ್ತು, ರಿಪೇರಿ ಮಾಡಿಸಿದ್ರು ಅಂತ ಬರೀಲೇನ್ರಿ?" ಅಂತ ಸೊಸಿ ಕೇಳಿದ್ಲು. ಪಾಪ, ಆಕಿಗೂ ನನ್ನ ಮಾನದ ಕಾಳಜಿ.

"ಬ್ಯಾಡವ್ವ," ಅಂದೆ. "ಇದು ನಿಮ್ಮಪ್ಪನ ಕಿಸೇದಾಗಿಂದ ಕದ್ದು, ಆ ಮಂದಿ ಹೆಸರ ಅಳಸಾಕ ಹೋಗಿ, ನಾ ಕೆಡಸಿದ್ದು ಅಂತ ಬರಿ. ಎಲ್ಲಾ ಬರಿ."

ಆಕಿ ಬರದ್ಲು. ಕೆಳಗ ನನ್ನ ಹೆಸರ ನಾನಽ ಹಾಕ್ತೀನಿ ಅಂದೆ. ಈಗ ಕೈ ಭಾಳ ನಡಗ್ತೈತಿ, ಅಕ್ಷರ ಸೊಟ್ಟ ಬಂದ್ವು. ಬ್ಯಾರೆ ಕಾಗದ ತರ್ಲೇನ್ರಿ ಅಂದ್ಲು ಸೊಸಿ. ಓದಾಕ ಬಂದ್ರ ಸಾಕು, ಹಂಗಽ ಕಳಸು ಅಂದೆ.